ದುಂಡನೆಯ ರಿಮೋಟ್ ಕಾರು

ಚನ್ನಪಟ್ಟಣದ ನಮ್ಮ ಬೀದಿಯಲ್ಲಿ ಆಗೆಲ್ಲ ಯಾವ ಮನೆ ಹೊಕ್ಕರೂ ಲೇತಿನ ಗುಯ್ ಸದ್ದು, ಕಾದ ಅರಗಿನ ವಾಸನೆ. ನಮ್ಮಪ್ಪ ಬೊಂಬೆ ಮಾಡುತ್ತಿದ್ದರು. ಲೇತಿನಲ್ಲಿ ಗಿರಗಿರನೆ ತಿರುಗುವ ಮರಕ್ಕೆ ಅರಗಿನ ಕಡ್ಡಿ ಒತ್ತಿದರೆ, ಆ ಬಿಸಿಗೇ ಅರಗು ಕರಗಿ ಬಣ್ಣ ಹತ್ತುತ್ತಿತ್ತು. ಉಪ್ಪುಖಾರ ಹಚ್ಚಿದ ಮಾವಿನಕಾಯಿ ಚೀಪುತ್ತಾ ನಾನು ಪಕ್ಕದಲ್ಲೇ ಕೂತಿರುತ್ತಿದ್ದೆ.

ನಾನು ಐದನೇ ಕ್ಲಾಸು ಮುಗಿಸಿದ ಬೇಸಿಗೆಯಲ್ಲಿ ಊರಾಚೆ ರಿಮೋಟ್ ಕಾರು ತಯಾರಿಸುವ ಫ್ಯಾಕ್ಟರಿ ಶುರುವಾಯಿತು. ಬೊಂಬೆಗೆ ಗಿರಾಕಿ ಕಡಿಮೆಯಾಗಿ, ಬೀದಿಯವರು ಒಬ್ಬೊಬ್ಬರೇ ಲೇತ್ ನಿಲ್ಲಿಸಿ ಅಲ್ಲಿಗೆ ಸೇರಿಕೊಂಡರು. ನಮ್ಮಪ್ಪ ಮಾತ್ರ ಜಗ್ಗಲಿಲ್ಲ. ಫ್ಯಾಕ್ಟರಿ ಯಜಮಾನರನ್ನೇ ಹೋಗಿ ಕಂಡು, ನಿಮ್ಮ ಕಾರಿಗೆ ಮರದ ಮೈ ಮಾಡಿಕೊಡುತ್ತೇನೆ ಎಂದರು. ಅವರು ರಿಮೋಟು, ಮೋಟಾರು, ಚಕ್ರ ಕೊಟ್ಟು, ಒಂದು ಮಾಡಿ ತೋರಿಸಿ ಎಂದರಂತೆ. ಅದು ಒಪ್ಪಿಗೆಯಾದರೆ ಅಪ್ಪನ ಲೇತ್ ಉಳಿಯುತ್ತಿತ್ತು. ಇಲ್ಲವಾದರೆ ಅವರೂ ಫ್ಯಾಕ್ಟರಿಗೇ.

ಹದಿನೈದು ದಿನ ಅಪ್ಪನಿಗೆ ಊಟದ ಕಡೆಗೂ ಗಮನವಿರಲಿಲ್ಲ. ಕೊನೆಗೆ ಕಾರು ತಯಾರಾಯಿತು. ನೋಡಿದರೆ ಕುಂಬಳಕಾಯಿಯ ಹಾಗೆ ದುಂಡಗಿದೆ!

"ಅಯ್ಯೋ, ಕಾರು ಎಲ್ಲಾದ್ರೂ ದುಂಡ್ಗಿರ್ತದಾ ಅಪ್ಪಾ?"

"ಚೌಕ ಮಾಡುದ್ರೆ ಲೇತಲ್ಲಿ ಅರಗು ಹತ್ತಾಕಿಲ್ಲ ಕಣ್ಮಗ."

"ಬ್ರಶ್ಶಲ್ಲಿ ಪೇಂಟ್ ಬಳಿ ಮತ್ತೆ."

"ಪೇಂಟಾ? ಮಕ್ಳು ಬಾಯಿಗೆ ಇಟ್ಕತವೆ, ಬ್ಯಾಡ" ಎಂದು ತಾಳೆಗರಿಯಿಂದ ಉಜ್ಜಿ ಇನ್ನೊಂದಿಷ್ಟು ಹೊಳಪು ಕೊಟ್ಟರು.

ರಿಮೋಟ್ ನನ್ನ ಕೈಗೇ ಕೊಟ್ಟರು. ಒತ್ತಿದೆ. ಅರಿಶಿನ ಬಣ್ಣದ ಕಾರು ಪಡಸಾಲೆಯ ಉದ್ದಕ್ಕೂ ಓಡಿ, ಗೋಡೆಗೆ ಡಿಕ್ಕಿ ಹೊಡೆದು ವಾಪಸ್ಸು ಬಂತು. ಅಪ್ಪ ಚಪ್ಪಾಳೆ ತಟ್ಟಿ ಕುಣಿದರು. ಅವರು ಕುಣಿದದ್ದನ್ನು ನಾನು ನೋಡಿದ್ದು ಅದೊಂದೇ ಸಲ.

ಮಾರನೇ ದಿನ ಯಜಮಾನರು ಮನೆಗೇ ಬಂದರು. ನಾನೇ ಓಡಿಸಿ ತೋರಿಸಿದೆ. "ಏನ್ರೀ ಇದು, ಕುಂಕುಮದ ಭರಣಿಗೆ ಚಕ್ರ ಹಾಕ್ಬಿಟ್ಟಿದೀರಾ!" ಎಂದು ಅವರು ನಕ್ಕರು. ಕಿಟಕಿಯಲ್ಲಿ ಇಣುಕುತ್ತಿದ್ದ ನನ್ನ ಗೆಳತಿಯರು ಕಿಸಕ್ಕೆಂದರು. ಹಾಳಾದ ನಗು, ನನಗೂ ತಡೆಯಲಾಗಲಿಲ್ಲ. ಹೊಟ್ಟೆ ಹಿಡಿದುಕೊಂಡು ನಕ್ಕೆ. ಅಪ್ಪ ನನ್ನನ್ನೇ ನೋಡುತ್ತಿದ್ದರು.

ಯಜಮಾನರು ಕೆಟ್ಟವರಲ್ಲ. "ಕೆಲಸ ಚೆನ್ನಾಗಿದೆ. ಆಕಾರ ಬದಲಾಯಿಸಿ ಇನ್ನೊಂದು ಮಾಡಿ, ನೋಡೋಣ" ಎಂದು ಹೇಳಿ ಹೋದರು. ಅಪ್ಪ ಇನ್ನೊಂದು ಮಾಡಲಿಲ್ಲ. ಮುಂದಿನ ಸೋಮವಾರ ಬುತ್ತಿ ಕಟ್ಟಿಸಿಕೊಂಡು, ಪ್ಲಾಸ್ಟಿಕ್ ಕಾರುಗಳಿಗೆ ಸ್ಕ್ರೂ ಹಾಕಲು ಹೊರಟರು. ಇಷ್ಟು ಬೇಗ ಯಾಕೆ ಕೈಚೆಲ್ಲಿದರು ಎಂದು ಅಮ್ಮ ಗೊಣಗಿದ್ದೇ ಬಂತು.

ಈಗ ನಮ್ಮ ಬೀದಿಯಲ್ಲಿ ಒಂದು ಲೇತೂ ಇಲ್ಲ. ಅರಗಿನ ವಾಸನೆ ಹೇಗಿರುತ್ತಿತ್ತೆಂದು ನನ್ನ ಮಕ್ಕಳಿಗೆ ಹೇಳಲು ಹೋಗಿ ಸೋತಿದ್ದೇನೆ. ಅಪ್ಪ ಹೋಗಿ ಎರಡು ವರ್ಷವಾಯಿತು. ಹಾಸಿಗೆ ಹಿಡಿದಿದ್ದಾಗ ಒಂದು ಮಧ್ಯಾಹ್ನ ಅವರ ಕಾಲು ಒತ್ತುತ್ತಾ, ಅಷ್ಟು ವರ್ಷ ಬಾಯಿಗೆ ಬಾರದಿದ್ದದ್ದನ್ನು ಕೇಳಿಯೇಬಿಟ್ಟೆ.

"ಅಪ್ಪಾ, ಯಜಮಾನ್ರು ನಕ್ರು ಅಂತ ಬೇಜಾರಾಗಿ ಲೇತ್ ಬುಟ್ಬುಟ್ಯಾ?"



"ಅವ್ರು ನಕ್ಕುದ್ಕಲ್ಲ ಕಣ್ಮಗ. ನೀನೂ ನಕ್ಬುಟ್ಟೆಯಲ್ಲ. ಮಕ್ಳೇ ನಕ್ಮೇಲೆ ಇನ್ಯಾರ್ಗೆ ಅಂತ ಮಾಡಾದು?"