ನೀರು ನಿಂತ ದಿನ

ಹೊಸಪೇಟೆಯಲ್ಲಿ ನಾನು ಚಿಕ್ಕವನಿದ್ದಾಗ ನಮ್ಮ ಓಣಿಯ ಪಕ್ಕದಲ್ಲೇ ಕಾಲುವೆ ಹರಿಯುತ್ತಿತ್ತು. ಅಜ್ಜಿಗೆ ಕಣ್ಣು ಕಾಣುತ್ತಿರಲಿಲ್ಲ. ಆದರೂ ದಿನಾ ಬೆಳಿಗ್ಗೆ ಒಬ್ಬಳೇ ಈಶ್ವರನ ಗುಡಿಗೆ ಹೋಗಿ ಬರುತ್ತಿದ್ದಳು. ಹೋಗುವಾಗ ನೀರಿನ ಸದ್ದು ಬಲಗಿವಿಗೆ, ಬರುವಾಗ ಎಡಗಿವಿಗೆ. ನಮ್ಮ ಮನೆಯೆದುರು ನೀರು ಕಲ್ಲಿನ ಮೆಟ್ಟಿಲಿನಿಂದ ಧುಮುಕುತ್ತಿತ್ತು. ಆ ಸದ್ದು ಕೇಳಿದರೆ ಅವಳಿಗೆ ಮನೆ ಬಂದಂತೆ.

ಒಂದು ಬೇಸಿಗೆಯ ದಿನ ಅಜ್ಜಿ ಗುಡಿಯಲ್ಲಿ ಕುಳಿತಿರುವಾಗಲೇ, ಹೂಳೆತ್ತಲೆಂದು ಕಾಲುವೆಯ ನೀರು ನಿಲ್ಲಿಸಿದರು. ಕೆಸರಿನ ವಾಸನೆ ಓಣಿ ತುಂಬಿತು. ಊಟದ ಹೊತ್ತಾದರೂ ಅಜ್ಜಿ ಬರಲಿಲ್ಲ. ಓಣಿ ದಾಟಿದರೆ ಸಂಡೂರಿನ ಅದಿರು ಲಾರಿಗಳು ಓಡುವ ರಸ್ತೆ. ಅಪ್ಪ ಚಪ್ಪಲಿ ಮೆಟ್ಟದೆ ಓಡಿದ. ಅಕ್ಕ ನನ್ನನ್ನು ಎಳೆದುಕೊಂಡು ಹಿಂದೆ ಓಡಿದಳು.

ಅಜ್ಜಿ ಸಿಕ್ಕಿದ್ದು ಆ ರಸ್ತೆಯ ಅಂಚಿನ ಅಕ್ಕಿ ಗಿರಣಿಯಲ್ಲಿ. ಅಲ್ಲಿ ಕೊಳವೆಯಿಂದ ಹೊಟ್ಟು ಸುರಿಯುವ ಸದ್ದು ನೀರು ಬಿದ್ದಂತೆಯೇ ಇತ್ತು. ಅಜ್ಜಿ ಚೀಲದ ಮೇಲೆ ಕುಳಿತಿದ್ದಳು, ತಲೆಯ ಮೇಲೆಲ್ಲ ಹೊಟ್ಟು.

“ಅಣ್ಣಾರ, ಇವರು ನಿಮ್ಮವ್ವಾರೇನ್ರಿ?” ಗಿರಣಿಯ ಕೂಲಿ ಹೆಂಗಸು ಕೇಳಿದಳು. “ನಮ್ಮನಿಯಾಗ ಯಾಕ ಬಂದು ಕುಂತೀರಿ ಅಂತ ನಮಗ ಬೈಯಾಕತ್ಯಾರ ನೋಡ್ರಿ!”

ಅಪ್ಪನ ದನಿ ಕೇಳಿ ಅಜ್ಜಿ, “ಎಲ್ಲಿ ಹೋಗಿದ್ಯಲೇ? ಭಾಳ ಮಂದಿ ಬಂದಾರ. ಇನ್ನೆರಡು ಸೇರು ಅಕ್ಕಿ ಹಾಕಾಕ ಹೇಳು,” ಎಂದಳು.

ಎಲ್ಲರೂ ನಕ್ಕರು. ಅಪ್ಪ ನಗುತ್ತಲೇ ಕಣ್ಣೊರೆಸಿಕೊಂಡ. “ಹೂನವ್ವಾ, ಹೇಳ್ತೀನಿ. ಏಳು.”

ಆದರೆ ನಮ್ಮ ಬಾಗಿಲಿಗೆ ಬಂದಾಗ ಅಜ್ಜಿ ನಿಂತುಬಿಟ್ಟಳು. ನೀರಿನ ಸದ್ದೇ ಇರಲಿಲ್ಲ. “ಇದು ನಮ್ಮನಿ ಅಲ್ಲ. ಎಲ್ಲಿಗೆ ಕರ್ಕೊಂಡು ಬಂದೀಯೋ?”

ಅಪ್ಪ ಒಳಗಿನಿಂದ ತುಂಬಿದ ಕೊಡ ತಂದು, ಬಾಗಿಲ ಪಕ್ಕದ ಬಂಡೆಯ ಮೇಲೆ ಎತ್ತರದಿಂದ ನಿಧಾನವಾಗಿ ನೀರು ಸುರಿದ. ಅಜ್ಜಿ ಕತ್ತು ವಾಲಿಸಿ ಕೇಳಿದಳು. ಕೊಡ ಖಾಲಿಯಾಗುವಷ್ಟರಲ್ಲಿ ಒಳಗೆ ಕಾಲಿಟ್ಟಿದ್ದಳು. ಕಾಲುವೆಗೆ ಮತ್ತೆ ನೀರು ಬರುವವರೆಗೆ ಅಕ್ಕ ಅವಳನ್ನು ಕೈಹಿಡಿದು ಗುಡಿಗೆ ಕರೆದೊಯ್ದಳು. ಬಾಗಿಲಲ್ಲಿ ನೀರು ಸುರಿಯುವುದು ನನ್ನ ಕೆಲಸವಾಯಿತು.

ಈಗ ಅಲ್ಲಿ ಕಾಲುವೆಯನ್ನು ಚಪ್ಪಡಿ ಹಾಕಿ ಮುಚ್ಚಿದ್ದಾರೆ, ಮೇಲೆ ಅಂಗಡಿಗಳಿವೆ. ಮಕ್ಕಳೇ, ನಿಮಗೆ ದಾರಿ ಹೇಳುವುದು ಫೋನು. ನೀವು ಬಸ್ಸಿನಲ್ಲಿ ಸಂಡೂರಿಗೆ ಹೊರಟಾಗ ನಾನೂ ನನ್ನ ಫೋನಿನ ನಕ್ಷೆಯಲ್ಲಿ ನೀವು ಎಲ್ಲಿದ್ದೀರೆಂದು ತೋರಿಸುವ ನೀಲಿ ಚುಕ್ಕೆಯನ್ನು ನೋಡುತ್ತಾ ಕೂರುತ್ತೇನೆ. ಗುಡ್ಡದ ತಿರುವಿನಲ್ಲಿ ಅದು ಒಮ್ಮೊಮ್ಮೆ ನಿಂತುಬಿಡುತ್ತದೆ. ಸಿಗ್ನಲ್ ಇಲ್ಲ, ಅಷ್ಟೇ. ಅದು ನನಗೂ ಗೊತ್ತು. ಆದರೂ ಚುಕ್ಕೆ ಮತ್ತೆ ಸರಿಯುವವರೆಗೆ ಕೈಯಲ್ಲಿರುವ ಚಹಾ ಕುಡಿಯಲು ನನ್ನಿಂದ ಆಗುವುದಿಲ್ಲ.