ಬನ್ನಿನ ಚೀಲದಲ್ಲಿ ಬಂದ ‘ಬೆಳಗಿನ ಪಾಳಿ’

ಹ್ಯಾನೋವರ್‌ನ ಲಿಂಡನ್ ಬೀದಿಗಳಲ್ಲಿ ಇನ್ನೂ ಬೆಳಕು ಹರಿದಿಲ್ಲ. ಆಲ್ವೀನಾ ರೋಡೆ ಸೈಕಲ್ಲನ್ನು ಗೋಡೆಗೆ ಒರಗಿಸಿ, ಬಿಸಿ ಬನ್ನಿನ ಚೀಲವನ್ನೂ ‘ಬೆಳಗಿನ ಪಾಳಿ’ ವಾರಪತ್ರಿಕೆಯನ್ನೂ ಹಿಡಿದು ಮೆಟ್ಟಿಲ ಬುಡದಲ್ಲಿ ನಿಂತಿದ್ದಾರೆ. ಹತ್ತುವುದಿಲ್ಲ. ಕಿವಿಗೊಟ್ಟು ಆಲಿಸುತ್ತಾರೆ. ಮೇಲೆ ಯಾರೋ ಕೆಮ್ಮುತ್ತಾರೆ.

“ಯುದ್ಧ ಮುಗಿದು ನಾಲ್ಕು ವರ್ಷ ಆಯ್ತು, ನಂಗೊತ್ತು. ಈ ಕಾಲಿಗೆ ಇನ್ನೂ ಗೊತ್ತಾಗಿಲ್ಲ,” ಎನ್ನುತ್ತಾರೆ ನನಗೆ.

ನಮ್ಮ ಓಣಿಯ ನೇಕಾರರೂ ಅಚ್ಚುಮೊಳೆ ಜೋಡಿಸುವವರೂ ಸೇರಿ ಮೊದಲ ಯುದ್ಧಕ್ಕೂ ಮುಂಚೆ ಶುರುಮಾಡಿದ ಸಮಾಜವಾದಿ ಪತ್ರಿಕೆ ಇದು. ಹಿಟ್ಲರ್ ಅಧಿಕಾರಕ್ಕೆ ಬಂದ ವರ್ಷವೇ ನಿಷೇಧವಾಯಿತು. ಸಂಪಾದಕರು ಪ್ರಾಗ್‌ಗೆ ಓಡಿಹೋಗಿ, ಈರುಳ್ಳಿ ಸಿಪ್ಪೆಯಂಥ ತೆಳು ಹಾಳೆಯಲ್ಲಿ ಅಚ್ಚುಹಾಕಿ ಗಡಿ ದಾಟಿಸುತ್ತಿದ್ದರು. ಲಿಂಡನ್‌ನಲ್ಲಿ ಅದು ಮನೆಮನೆಗೆ ತಲುಪಿದ್ದು ಆಲ್ವೀನಾ ಹಂಚುತ್ತಿದ್ದ ಬನ್ನಿನ ಚೀಲಗಳ ತಳದಲ್ಲಿ. ಪತ್ರಿಕೆಯ ಚರಿತ್ರೆ ಬರೆದವರು ಸಂಪಾದಕರನ್ನೆಲ್ಲ ನೆನೆದಿದ್ದಾರೆ. ಇವರ ಹೆಸರಿಲ್ಲ.

“ಒಂದಿನ ಬಡಗಿ ಗುಸ್ತಾವ್ ಬೆನೆಕೆ ಮನೆ ಬಾಗಿಲಿಗೆ ಚೀಲ ನೇತುಹಾಕ್ತಿದ್ದೆ. ಬಾಗಿಲು ತೆಗೀತು. ಗುಸ್ತಾವ್ ಅಲ್ಲ. ಗೆಸ್ಟಾಪೊದವನು.”

ಒಳಗೆ ಗುಸ್ತಾವ್ ಗೋಡೆಗೆ ಮುಖಮಾಡಿ ನಿಂತಿದ್ದರು. ಹೆಂಡತಿ ಮಿನ್ನಾ ಒಲೆಯ ಪಕ್ಕ ಕಲ್ಲಾಗಿದ್ದರು. ಆ ಗುಪ್ತ ಪೊಲೀಸಿನವನು ಚೀಲ ಕಿತ್ತುಕೊಂಡು ಮೇಜಿನ ಮುಂದೆ ಕೂತ. ಒಂದು ಬನ್ನು ತಿಂದ. ಇನ್ನೊಂದಕ್ಕೆ ಕೈಹಾಕಿದ.

“ಸಾಹೇಬ್ರೇ, ಚೀಲ ವಾಪಸ್ ಕೊಡಿ,” ಎಂದುಬಿಟ್ಟರು ಆಲ್ವೀನಾ. “ಒಂದು ಚೀಲ ಕಮ್ಮಿಯಾದ್ರೂ ಬೇಕರಿ ಯಜಮಾನಿ ನನ್ನ ಚರ್ಮ ಸುಲೀತಾಳೆ.”

“ಅಂಥವಳು ನಮ್ಮಲ್ಲಿ ಕೆಲಸಕ್ಕೆ ಸೇರ್ಲಿ!” ಅವನು ನಕ್ಕು, ಉಳಿದ ಬನ್ನುಗಳನ್ನು ಎತ್ತಿಟ್ಟುಕೊಂಡು ಚೀಲವನ್ನು ಇವರ ಮುಖಕ್ಕೆ ಎಸೆದ. ಬನ್ನಿನ ಹಬೆಗೆ ತೇವಗೊಂಡ ಹಾಳೆ ತಳಕ್ಕೆ ಅಂಟಿಕೊಂಡಿತ್ತು. ಬೀಳಲಿಲ್ಲ.

“ಕೆಳಗಿಳಿಯೋಷ್ಟರಲ್ಲಿ ಲಂಗ ಒದ್ದೆಯಾಗಿತ್ತು. ಬರ್ಕೊಳ್ಳಿ, ನಾಚಿಕೆ ಏನಿಲ್ಲ.”

ಆದರೂ ಪಕ್ಕದ ಮನೆಯ ಮೆಟ್ಟಿಲು ಹತ್ತಿದರು. ಅಂದು ಅವರು ಹಿಡಿದೊಯ್ದ ಗುಸ್ತಾವ್ ಮತ್ತೆ ಬರಲಿಲ್ಲ.

ಈಗ ಮೇಲಿನಿಂದ ಮಿನ್ನಾ ಕೂಗುತ್ತಾರೆ: “ಏನೇ, ಇವತ್ತೂ ಅಲ್ಲೇ ಬೇರುಬಿಟ್ಯಾ? ಕಾಫಿ ಆರೋಯ್ತು!” ಯುದ್ಧದ ನಂತರ ಮತ್ತೆ ಹೊರಡುತ್ತಿರುವ ಪತ್ರಿಕೆ ಪ್ರತಿ ವಾರ ಈ ಬಾಗಿಲಿಗೇ ಮೊದಲು.

ಆಗಿನ ಸಂಚಿಕೆಗಳಲ್ಲಿ ಏನಿರುತ್ತಿತ್ತು ಎಂದು ಆಲ್ವೀನಾರನ್ನು ಕೇಳುತ್ತೇನೆ.

“ಓದಿಲ್ಲ. ಓದಿದ್ರೆ ಮುಖದಲ್ಲಿ ಕಾಣ್ಸುತ್ತೆ ಅಂತ ಭಯ. ಬನ್ನು ಮಾರೋಳ ಮುಖ ಬನ್ನು ಮಾರೋಳ ಥರಾನೇ ಇರ್ಬೇಕಿತ್ತು. ಎಲ್ಲಾದ್ರೂ ಒಂದು ಹಳೇ ಸಂಚಿಕೆ ಸಿಕ್ರೆ ತಂದ್ಕೊಡ್ತೀರಾ? ನಾನು ಏನು ಹೊತ್ತಿದ್ದೆ ಅಂತ ಓದ್ಬೇಕು.”