ಕೈ ತೊಳೆಯುವ ಇಪ್ಪತ್ತು ನಿಮಿಷ

ಪ್ರಿಂಟರಿನ ಕಾರ್ಟ್ರಿಜ್ ಬದಲಿಸಲು ಹೋಗಿ ಎರಡೂ ಕೈ ಮಸಿ ಮಾಡಿಕೊಂಡೆ. ಬೇಸಿನ್ ಮುಂದೆ ನಿಂತು ಸೋಪು ತಿಕ್ಕುತ್ತಿದ್ದರೂ ಕಣ್ಣು ಗಡಿಯಾರದ ಮೇಲೇ. ಎಲ್ಲವನ್ನೂ ನಿಮಿಷದಲ್ಲಿ ಅಳೆಯುವ ಚಾಳಿ ನನ್ನದು. "ಸ್ನಾನಕ್ಕೆ ಹೋಗೋವಾಗ್ಲೂ ಹಾಜರಿ ಪಂಚ್ ಮಾಡಿ ಹೋಗಿ" ಎಂದು ಹೆಂಡತಿ ರೇಗಿಸುತ್ತಾಳೆ. ನೆರೂಳದ ಮನೆಯಲ್ಲೇ ಕೂತು ಕಂಟ್ರಾಕ್ಟರುಗಳಿಗೆ ಹಾಜರಿ, ಓವರ್‌ಟೈಮ್ ಲೆಕ್ಕ ಮಾಡಿಕೊಡುವವನಿಗೆ ಇಷ್ಟಾದರೂ ಹುಚ್ಚು ಇರಬೇಡವೇ? ಆದರೆ ಇವತ್ತು ನಿಂತಲ್ಲಿ ನಿಲ್ಲಲಾಗುತ್ತಿಲ್ಲ. ಅದಕ್ಕೆ ಈ ಮಸಿಯೇ ಕಾರಣ.

ಕೆಲವು ವರ್ಷಗಳ ಹಿಂದೆ ಕಳವಾ ಸ್ಟೇಷನ್ನಿನ ಹತ್ತಿರ ಒಂದು ರಬ್ಬರ್ ಕಾರ್ಖಾನೆಯಲ್ಲಿ ನಾನು ಟೈಮ್ ಆಫೀಸಿನ ಗುಮಾಸ್ತ. ಮೈಸೂರಿನ ಬಿ.ಕಾಂ., ಇಸ್ತ್ರಿ ಅಂಗಿ, ಜೊತೆಗೆ ಎಕ್ಸೆಲ್ ಬರುತ್ತದೆಂಬ ಜಂಬ. ಅರ್ಧ ಗಂಟೆಗಿಂತ ಕಡಿಮೆಯಿದ್ದರೆ ಓವರ್‌ಟೈಮ್ ಸೊನ್ನೆ ಎಂಬ ಫಾರ್ಮುಲಾ ಬರೆದವನೂ ನಾನೇ. ಮ್ಯಾನೇಜರು ಬೆನ್ನು ತಟ್ಟಿದ್ದರು.

ರಬ್ಬರಿಗೆ ಬೆರೆಸುವ ಕರಿ ಪುಡಿಯ ಮೂಟೆ ಹೊರುವವರು ಹೆಚ್ಚಾಗಿ ಕಲಬುರಗಿ ಕಡೆಯವರು. ಆರಕ್ಕೆ ಪಾಳಿ ಮುಗಿದರೂ ಆ ಕರಿ ಕೈಯಿಂದ ಹೋಗಲು ಇಪ್ಪತ್ತು ನಿಮಿಷ ಬೇಕು. ತೊಳೆಯದೆ ಲೋಕಲ್ ರೈಲು ಹತ್ತಿದರೆ ಡಬ್ಬಿಯವರೆಲ್ಲ ಮೈಮೇಲೆ ಬರುತ್ತಾರೆ. ಹಾಗಾಗಿ ತೊಳೆದು, ಆರೂ ಇಪ್ಪತ್ತಕ್ಕೆ ಪಂಚ್ ಮಾಡುತ್ತಿದ್ದರು. ನನ್ನ ಫಾರ್ಮುಲಾ ಅದನ್ನು ಆರು ಗಂಟೆ ಮಾಡುತ್ತಿತ್ತು.

ಅವರಲ್ಲಿ ದಿವಾ ಸ್ಟೇಷನ್ ಕಡೆಯಿಂದ ಬರುತ್ತಿದ್ದ ಮಲ್ಕಪ್ಪ ಎಂಬಾತ ಒಮ್ಮೆ ನನ್ನ ಕಿಟಕಿಗೆ ಬಂದ. "ಸಾಹೇಬ್ರ, ಈ ಕರಿ ನಮ್ಮ ಮನೀದಲ್ಲ, ಕಂಪನೀದು. ಮತ್ತ ತೊಳ್ಯೋ ಟೈಮ್ ಯಾರ್ದು?"

"ರೂಲ್ ಇರೋದೇ ಹಾಗಪ್ಪ" ಎಂದೆ. ರೂಲನ್ನು ಆಕಾಶದಿಂದ ಇಳಿಸಿದವನ ಗತ್ತಿನಲ್ಲಿ.

ಆದರೂ ಆ ಮಾತು ಒಳಗೆ ಕೊರೆಯುತ್ತಿತ್ತು. ಮ್ಯಾನೇಜರ ಬಳಿ ಬಾಯಿ ಬಿಡುವ ಧೈರ್ಯವಿಲ್ಲ. ಕೊನೆಗೆ ಕದ್ದು ಒಂದು ಪುಣ್ಯ ಮಾಡಿದೆ: ಆ ತಿಂಗಳು ಮಲ್ಕಪ್ಪನ ಆರೂ ಇಪ್ಪತ್ತನ್ನೆಲ್ಲ ಆರೂವರೆ ಎಂದು ತಿದ್ದಿದೆ. ಅವನೊಬ್ಬನಿಗೆ ಮಾತ್ರ.

ಪಗಾರದ ದಿನ ಅವನು ಚೀಟಿ ಹಿಡಿದು ಬಂದ. ಹಿಂದೆ ಸಾಲು ನಿಂತಿತ್ತು. ಕೃತಜ್ಞತೆ ಹೇಳುತ್ತಾನೆಂದು ನಾನು ನಗುಮುಖ ಸಿದ್ಧಮಾಡಿಕೊಂಡಿದ್ದೆ.

"ಹದಿಮೂರು ತಾಸು ಓಟಿ ಬಂದದರಿ. ನಾ ಓಟಿ ಮಾಡಿಲ್ಲ, ಕೈ ತೊಳದೀನಿ. ನನಗೊಬ್ಬಂಗ ಬ್ಯಾಡ್ರಿ. ಎಲ್ಲಾರ ಕೈನೂ ಕರಿ ಅವ."

ಒಳಗೆ ಮ್ಯಾನೇಜರಿದ್ದರು; ಕೇಳಿಸಿಕೊಂಡರೆ ನನ್ನ ಕೆಲಸ ಹೋಗುತ್ತಿತ್ತು. "ತಪ್ಪಾಗಿದೆ, ಮುಂದಿನ ತಿಂಗಳು ಕಟ್ ಮಾಡ್ತೀನಿ" ಎಂದು ಪಿಸುಗುಟ್ಟಿದೆ. ಹಾಗೆಯೇ ಮಾಡಿದೆ. ಹದಿಮೂರು ತಾಸೂ ಮುರಿದುಕೊಂಡೆ. ಆ ಇಪ್ಪತ್ತು ನಿಮಿಷದ ಮಾತನ್ನು ನಾನೂ ಎತ್ತಲಿಲ್ಲ, ಅವನೂ ಮತ್ತೆ ಕೇಳಲಿಲ್ಲ. ಎರಡು ತಿಂಗಳಿಗೆ ಅವನು ಕೆಲಸ ಬಿಟ್ಟ. ಎಲ್ಲಿಗೆ ಹೋದನೋ ನಾನು ವಿಚಾರಿಸಲಿಲ್ಲ. ಇದನ್ನು ನಿಮ್ಮೆದುರು ಹೇಳಲು ನಾಚಿಕೆಯಾಗುತ್ತದೆ.

ಇವತ್ತು ಮೇಜಿನ ಮೇಲಿರುವುದು ಡೊಂಬಿವಲಿಯ ಒಬ್ಬ ಕಂಟ್ರಾಕ್ಟರರ ಹಾಜರಿ ಪಟ್ಟಿ. ಬಣ್ಣದ ಪುಡಿಯ ಕೆಲಸ. ಅರ್ಧ ಗಂಟೆಯೊಳಗಿನದು ಸೊನ್ನೆ ಮಾಡಿ ಎಂದಿದ್ದಾರೆ. ನನ್ನ ಹಳೆಯ ಫಾರ್ಮುಲಾ ಊರೆಲ್ಲ ಸುತ್ತಿ ಮನೆಗೇ ಬಂದಿದೆ.

ಒದ್ದೆ ಕೈಯಲ್ಲೇ ಮೇಜಿಗೆ ಬಂದು ಹೊಸ ಕಾಲಂ ಹಾಕಿದೆ: ಕೈ ತೊಳೆಯುವ ಸಮಯ, ಇಪ್ಪತ್ತು ನಿಮಿಷ, ಎಲ್ಲರಿಗೂ. ಇದು ಬೇಡವಾದರೆ ಬೇರೆಯವರನ್ನು ನೋಡಿಕೊಳ್ಳಿ ಎಂದೂ ಬರೆದು ಕಳಿಸಿದೆ.

ಈಗ ಫೋನ್ ಹೊಡೆದುಕೊಳ್ಳುತ್ತಿದೆ, ಅವರದೇ. ಎದೆಯೂ ಹೊಡೆದುಕೊಳ್ಳುತ್ತಿದೆ. ಉಗುರಿನ ಸಂದಿಯಲ್ಲಿ ಮಸಿ ಇನ್ನೂ ಹಾಗೇ ಇದೆ. ಮೊದಲು ಪೂರ್ತಿ ತೊಳೆದುಕೊಂಡು ಬರುತ್ತೇನೆ.